ಖಾಲಿ ತೆಗೆದ ಮುಖ

ಮನೆಯಲ್ಲಿ ಸುಮ್ಮನೆ ಕೂತರೆ ನಾಜಿಯೆಗೆ ಮೈಮೇಲೆ ಇರುವೆ ಹರಿದ ಹಾಗಾಗುತ್ತಿತ್ತು. ಎಸೆನ್ಲರ್ ಬಡಾವಣೆಯ ನಾಲ್ಕನೇ ಮಹಡಿಯ ಎರಡು ಕೋಣೆಯ ಮನೆ ಅದು. ಬೆಳಗ್ಗೆ ಎದ್ದು ಒರೆಸುತ್ತಿದ್ದಳು, ಒರೆಸಿದ್ದನ್ನೇ ಇನ್ನೊಮ್ಮೆ ಒರೆಸುತ್ತಿದ್ದಳು, ಬಾಲ್ಕನಿಗೆ ಹೋಗಿ ಕೆಳಗಿನ ಬೀದಿಯಲ್ಲಿ ಯಾರು ಯಾರ ಜೊತೆ ಹೋದರೆಂದು ನೋಡುತ್ತಿದ್ದಳು. ಒಳಗೆ ಬಂದು ಚಹಾಕ್ಕೆ ನೀರಿಟ್ಟು, ಅದು ಕುದಿಯುವಷ್ಟು ಹೊತ್ತೂ ನಿಲ್ಲಲಾರದೆ ಮತ್ತೆ ಬಾಲ್ಕನಿಗೆ ಓಡುತ್ತಿದ್ದಳು. ಗಂಡ ಬದುಕಿದ್ದಾಗ "ನಿನ್ನ ಕಾಲಿಗೆ ಯಾರೇ ಚಕ್ರ ಕಟ್ಟಿದ್ದು?" ಎಂದು ಗೊಣಗುತ್ತಿದ್ದ. ಅವನು ತೀರಿಕೊಂಡ ಮೇಲೆ ಗೊಣಗುವವರೂ ಇಲ್ಲದೆ ಮನೆ ಇನ್ನಷ್ಟು ಕಚ್ಚತೊಡಗಿತು. ಇಂಥವಳು ಕುರ್ಚಿಯ ಮೇಲೆ ಅಲ್ಲಾಡದೆ ಕೂರುವುದನ್ನೇ ಕಸುಬು ಮಾಡಿಕೊಂಡಳು ಎಂದರೆ ಯಾರಿಗಾದರೂ ನಗು ಬರಬೇಕು. ಬೀದಿಯವರಿಗೆ ಬಂತು ಕೂಡ.

ಅವಳನ್ನು ಮೊದಲು ಕರೆದುಕೊಂಡು ಹೋದವಳು ಎದುರು ಮನೆಯ ಪೆರಿಹಾನ್. "ಬಾರೇ, ಚಹಾ ಕೊಡ್ತಾರೆ, ಊಟ ಕೊಡ್ತಾರೆ, ಬಿಸಿಲಿಲ್ಲ, ಚಳಿಯಿಲ್ಲ. ಚಪ್ಪಾಳೆ ಹೊಡೀರಿ ಅಂದಾಗ ಹೊಡೆದ್ರಾಯ್ತು" ಎಂದು ಎಬ್ಬಿಸಿಕೊಂಡು ಹೋದಳು. ಬ್ರೆಡ್ಡಿನಂಗಡಿಯ ಮೂಲೆಗೆ ಬೆಳಗ್ಗೆ ವ್ಯಾನು ಬರುತ್ತಿತ್ತು. ಒಳಗೆ ತಲೆವಸ್ತ್ರ ಕಟ್ಟಿದ ಹದಿನೈದು ಹೆಂಗಸರು, ಹದಿನೈದು ಮೊಣಕಾಲು ನೋವು, ಒಂದೇ ಮಾತಿನ ಸಂತೆ. ಟಿವಿಯ ಸ್ಟುಡಿಯೊದಲ್ಲಿ ಯೆಲ್ದಾ ಹನಿಮ್ ಎಂದು ಎಲ್ಲರೂ ಗೌರವದಿಂದ ಕರೆಯುವ ನಿರೂಪಕಿ ನಡೆಸುವ ಮಧ್ಯಾಹ್ನದ ಕಾರ್ಯಕ್ರಮಕ್ಕೆ ಇವರೇ ಪ್ರೇಕ್ಷಕರು. ಓಡಿಹೋದ ಹೆಂಡತಿ, ಕಾಣೆಯಾದ ಅಪ್ಪ, ಸೊಸೆಯ ಬಳೆ ಅಡಗಿಸಿಟ್ಟ ಅತ್ತೆ, ಎಲ್ಲರೂ ಬಂದು ಅಲ್ಲಿನ ಸೋಫಾದ ಮೇಲೆ ಕೂತು ಜಗಳ ಬಿಚ್ಚುತ್ತಿದ್ದರು. ಬೆಳಗ್ಗೆ ಚಿತ್ರೀಕರಿಸಿ ಕತ್ತರಿಸಿ, ಅದನ್ನೇ ಮಧ್ಯಾಹ್ನ ದೇಶಕ್ಕೆಲ್ಲ ಬಡಿಸುತ್ತಿದ್ದರು.

ಪ್ರೇಕ್ಷಕರನ್ನು ಒಟ್ಟುಮಾಡಿ ತರುವ ಗುತ್ತಿಗೆ ತುಂಜಾಯ್ ಎಂಬವನದು. ಕಿವಿಗೆ ವೈರು ಸಿಕ್ಕಿಸಿಕೊಂಡ ಕಡ್ಡಿಯಂಥ ಮನುಷ್ಯ. ಅವನ ಕಣ್ಣು ಮೊದಲ ವಾರವೇ ನಾಜಿಯೆಯ ಮೇಲೆ ಬಿತ್ತು. ದೇವರು ನಾಜಿಯೆಗೆ ರೂಪ ಕೊಟ್ಟಿರಲಿಲ್ಲ, ಮುಖ ಕೊಟ್ಟಿದ್ದ. ಹುಬ್ಬು ಎತ್ತಿದರೆ ಬೆರಗು, ತುಟಿ ಒತ್ತಿದರೆ ತಿರಸ್ಕಾರ, ಗಲ್ಲ ಸ್ವಲ್ಪ ನಡುಗಿಸಿದರೆ ಸಾಕು, ನೋಡುವವರು ಕರವಸ್ತ್ರ ಹುಡುಕುತ್ತಿದ್ದರು. ತುಂಜಾಯ್ ಅವಳನ್ನು ಹಿಂದಿನ ಸಾಲಿನಿಂದ ಎಬ್ಬಿಸಿ, ಕ್ಯಾಮೆರಾ ನೇರ ನೋಡುವ ಎರಡನೇ ಸಾಲಿನ ನಡುವಿನ ಕುರ್ಚಿಯಲ್ಲಿ ಕೂರಿಸಿದ. ಅಲ್ಲಿಂದ ಅವಳು ಆರು ವರ್ಷ ಏಳಲಿಲ್ಲ.

ಆ ಕಸುಬಿನಲ್ಲಿ ಹೊರಗಿನವರಿಗೆ ತಿಳಿಯದ ಒಂದು ಪದ್ಧತಿ ಇತ್ತು. ಕೆಲವು ದಿನ ಬೆಳಗ್ಗೆ, ಯೆಲ್ದಾ ಹನಿಮ್ ಇನ್ನೂ ಕೂದಲು ಸೆಟ್ ಮಾಡಿಸಿಕೊಳ್ಳುತ್ತಿರುವಾಗ, ಸೋಫಾ ಖಾಲಿ ಇರುವಾಗಲೇ, ತುಂಜಾಯ್ ಮುಂದೆ ಬಂದು ನಿಲ್ಲುತ್ತಿದ್ದ. "ಅಕ್ಕಂದಿರಾ, ಈಗ ನಗು! ಸಾಕು. ಈಗ ಗಾಬರಿ! ಪೆರಿಹಾನ್ ಅಕ್ಕ, ಅದು ಗಾಬರಿಯಲ್ಲ, ಹಲ್ಲುನೋವು. ಈಗ ಕಣ್ಣೀರು! ಈಗ ಛೆ ಛೆ ಛೆ!" ಹೆಂಗಸರೆಲ್ಲ ಯಾವ ಕಥೆಯೂ ಇಲ್ಲದೆ ನಕ್ಕು, ಗಾಬರಿಯಾಗಿ, ಅತ್ತು, ತಲೆ ಆಡಿಸುತ್ತಿದ್ದರು. ಇದಕ್ಕೆ ಅವರ ಮಾತಿನಲ್ಲಿ 'ಖಾಲಿ ತೆಗೆಯೋದು' ಎಂದು ಹೆಸರು. ಆ ಮುಖಗಳನ್ನು ಕೂಡಿಟ್ಟುಕೊಂಡು, ಮುಂದೆ ಯಾರ ಕಥೆಗೆ ಏನು ಬೇಕೋ ಅದನ್ನು ಅಂಟಿಸುತ್ತಿದ್ದರು. ಹೊರಗೆ ಬಾಯಿ ಬಿಡಬಾರದು ಎಂದು ತುಂಜಾಯ್ ತಾಕೀತು ಮಾಡಿದ್ದ. ನಾಜಿಯೆ ಬಿಟ್ಟಿರಲಿಲ್ಲ. ಯಾಕೆ ಬಿಡಬೇಕು? ಬೀದಿಯಲ್ಲಿ ಅವಳೀಗ ಬರೀ ನಾಜಿಯೆ ಅಲ್ಲ, ಟಿವಿಯ ನಾಜಿಯೆ. ಬ್ರೆಡ್ಡಿನಂಗಡಿಯವನು ಬಿಸಿ ಬ್ರೆಡ್ಡು ತೆಗೆದಿಟ್ಟಿರುತ್ತಿದ್ದ. ಗಂಡಹೆಂಡಿರ ಜಗಳವಾದರೆ ಜನ ಅವಳನ್ನು ಪಂಚಾಯಿತಿಗೆ ಕರೆಯುತ್ತಿದ್ದರು. ಅವಳು ಹೋಗಿ, ಕೂತು, ಅದೇ ಮುಖ ಮಾಡಿ ಬರುತ್ತಿದ್ದಳು.

ಸೊಂಗುಲ್ ನಾಜಿಯೆಯ ತಂಗಿಯ ಮಗಳು. ತಂಗಿ ಸತ್ತಾಗ ಹುಡುಗಿಗೆ ಒಂಬತ್ತು ವರ್ಷ. ಮಕ್ಕಳಿಲ್ಲದ ನಾಜಿಯೆಯ ಮನೆಯಲ್ಲೇ ಬೆಳೆದು, ಗೆಬ್ಜೆ ಊರಿನ ಹುಡುಗನನ್ನು ಮದುವೆಯಾಗಿ ಹೋದವಳು. ಅವಳಿಗೆ ನೆಹಿರ್ ಎಂಬ ನಾಲ್ಕು ವರ್ಷದ ಮಗಳು. ಗಂಡ ಕೈ ಮಾಡುತ್ತಾನೆ ಎಂಬುದು ನಾಜಿಯೆಯ ಕಿವಿಗೆ ಬಿದ್ದಿತ್ತು. ಆ ವಸಂತದಲ್ಲಿ ಒಂದು ದಿನ ಹುಡುಗಿ ಫೋನ್ ಮಾಡಿದ್ದಳು.

"ದೊಡ್ಡಮ್ಮ, ನಿಮ್ಮ ಹತ್ರ ಒಂಚೂರು ಮಾತಾಡ್ಬೇಕಿತ್ತು."

"ವ್ಯಾನಲ್ಲಿದೀನಿ ಮಗಳೇ, ಏನೂ ಕೇಳಿಸ್ತಿಲ್ಲ. ಸಾಯಂಕಾಲ ನಾನೇ ಮಾಡ್ತೀನಿ."

ಸಾಯಂಕಾಲ ಮಾಡಲಿಲ್ಲ. ಮರೆತಳು ಎಂದು ಹೇಳಿದರೆ ಅರ್ಧ ಸತ್ಯ. ಇಡೀ ದಿನ ಊರವರ ಗೋಳು ಕೇಳಿ ಬಂದವಳಿಗೆ ಮನೆಯವರ ಗೋಳು ಕೇಳಲು ಸೋಮಾರಿತನವಾಯಿತು. ಕಥೆ ಹೇಳುತ್ತಿರುವ ನನಗೆ ಈ ಜಾಗದಲ್ಲಿ ಅವಳ ಮೇಲೆ ಸಿಟ್ಟೇ ಬರುತ್ತದೆ.

ಕೆಲವು ದಿನ ಕಳೆಯಿತು. ಒಂದು ಬುಧವಾರ ಪೆರಿಹಾನ್ ಬಾಗಿಲಲ್ಲಿ ನಿಂತು ಕಣ್ಣು ಮಿಟುಕಿಸಿದಳು. ಬೇರೆ ಚಾನೆಲ್ಲಿನ ಕಾರ್ಯಕ್ರಮಕ್ಕೆ ದೊಡ್ಡ ಗಾಯಕ ಬರುತ್ತಾನೆ, ಅಲ್ಲಿಗೆ ಹೋಗೋಣ ಎಂದಳು. ಒಬ್ಬರ ಪ್ರೇಕ್ಷಕರು ಇನ್ನೊಬ್ಬರ ಚಾನೆಲ್ಲಿನಲ್ಲಿ ಕೂರುವುದು ಮಹಾಪರಾಧ, ಆದರೆ ನಾಜಿಯೆಯ ಕಾಲು ಆಗಲೇ ಚಪ್ಪಲಿ ಹುಡುಕುತ್ತಿತ್ತು. ತುಂಜಾಯ್‌ಗೆ ಮೊಣಕಾಲು ನೋವೆಂದು ಹೇಳಿ ಕಳಿಸಿ, ಇಬ್ಬರೂ ಹೋಗಿ ಗಾಯಕನಿಗೆ ಚಪ್ಪಾಳೆ ತಟ್ಟಿ ಬಂದರು. ಮಧ್ಯಾಹ್ನ ನಾಜಿಯೆಯ ಮನೆಯಲ್ಲಿ ಸೂರ್ಯಕಾಂತಿ ಬೀಜ ಬಿಡಿಸುತ್ತಾ, ತಾವಿಲ್ಲದ ತಮ್ಮ ಕಾರ್ಯಕ್ರಮ ಹೇಗಿದೆ ನೋಡೋಣವೆಂದು ಟಿವಿ ಹಾಕಿದರು.

ಸೋಫಾದ ಮೇಲೆ ಸೊಂಗುಲ್ ಕೂತಿದ್ದಳು.

ಪೆರಿಹಾನ್‌ಳ ಬಾಯಿಯ ಬೀಜ ಬಾಯಲ್ಲೇ ಉಳಿಯಿತು. "ಇದು ನಮ್ಮ ಸೊಂಗುಲ್ ಅಲ್ವೇನೇ?"

"ಸುಮ್ಮನಿರೇ" ಎಂದಳು ನಾಜಿಯೆ.

ಹುಡುಗಿ ತೆಳ್ಳಗಾಗಿದ್ದಳು. ಗಂಡನ ಮನೆ ಬಿಟ್ಟು ಬಂದಿದ್ದಾಳೆ, ಜೊತೆ ಕೆಲಸ ಮಾಡುವ ಗೆಳತಿಯ ಕೋಣೆಯಲ್ಲಿದ್ದಾಳೆ, ಮಗಳನ್ನು ಅತ್ತೆ ಕೊಡುತ್ತಿಲ್ಲ, ಕಿಟಕಿಯಿಂದ ನೋಡಲೂ ಬಿಡುತ್ತಿಲ್ಲ. ಇಷ್ಟನ್ನೆಲ್ಲ ನಾಜಿಯೆ ದೇಶದ ಜನರ ಜೊತೆಗೇ, ಅವರಿಗಿಂತ ಒಂದು ಕ್ಷಣವೂ ಮೊದಲಲ್ಲ, ತಿಳಿದುಕೊಂಡಳು. ಯೆಲ್ದಾ ಹನಿಮ್ ಮುಂದೆ ಬಾಗಿ ಕೇಳಿದಳು, "ಮಗುವನ್ನ ಯಾಕೆ ಬಿಟ್ಟು ಬಂದೆ ತಂಗಿ?" ಸೊಂಗುಲ್ ಯೆಲ್ದಾಳನ್ನು ನೋಡಲಿಲ್ಲ. ನೇರ ಪ್ರೇಕ್ಷಕರು ಕೂರುವ ಕಡೆ ನೋಡಿದಳು. "ಮಗು ಮಲಗಿತ್ತು..." ಎಂದಳು.

ಅಲ್ಲಿಗೆ ಪರದೆಯ ತುಂಬ ನಾಜಿಯೆಯ ಮುಖ ಬಂತು. ಹಸಿರು ತಲೆವಸ್ತ್ರ, ಒತ್ತಿದ ತುಟಿ, ಎಡಕ್ಕೂ ಬಲಕ್ಕೂ ಆಡುವ ತಲೆ. ಛೆ ಛೆ ಛೆ. ಹುಡುಗಿಯ ಮುಂದಿನ ಮಾತು ಕತ್ತರಿಯ ಪಾಲಾಗಿತ್ತು. ಜಾಹೀರಾತಿಗೆ ಮುಂಚೆ ಅದೇ ಮುಖವನ್ನು ಇನ್ನೊಮ್ಮೆ, ನಿಧಾನವಾಗಿ ತೋರಿಸಿದರು.

ಆ ಮುಖ ಯಾವತ್ತು ತೆಗೆದದ್ದೆಂದು ನಾಜಿಯೆಗೆ ಗೊತ್ತಿತ್ತು. ಖಾಲಿ ತೆಗೆದದ್ದು. ಆ ಹೊತ್ತಿನಲ್ಲಿ ಅವಳು ಹುರುಳಿಕಾಯಿ ಬೇಯಲಿಟ್ಟ ಒಲೆಯನ್ನು ಆರಿಸಿದೆನೋ ಇಲ್ಲವೋ ಎಂದು ಯೋಚಿಸುತ್ತಿದ್ದಳು.

ಆಮೇಲೆ ಆ ಮನೆಯಲ್ಲಿ ಕೂರುವುದೆಂಬುದೇ ಇರಲಿಲ್ಲ. ಫೋನ್ ಮಾಡಿದಳು, ಸೊಂಗುಲ್ ಎತ್ತಲಿಲ್ಲ. ಅಡುಗೆಮನೆಗೆ ಹೋಗಿ ಬಂದು ಮಾಡಿದಳು, ಎತ್ತಲಿಲ್ಲ. ಮೆಟ್ಟಿಲಿಳಿದು ಬೀದಿಗೆ ಹೋದಳು. ಬ್ರೆಡ್ಡಿನಂಗಡಿಯವನು ಕೈಯೆತ್ತಿ, "ಭೇಷ್ ನಾಜಿಯೆ ಅಕ್ಕ! ತಮ್ಮವಳು ಅಂತ ನೋಡ್ಲಿಲ್ಲ ನೀವು. ನ್ಯಾಯ ಅಂದ್ರೆ ನ್ಯಾಯ!" ಎಂದ. ಅವಳು ಬ್ರೆಡ್ಡು ತೆಗೆದುಕೊಳ್ಳದೆ ಮೇಲೆ ಬಂದಳು, ಮತ್ತೆ ಇಳಿದಳು. ಹೊತ್ತು ಮುಳುಗುವಾಗ ಹುಡುಗಿ ಫೋನ್ ಎತ್ತಿದಳು.

"ಸೊಂಗುಲ್, ಮಗಳೇ, ಆ ಮುಖ ನಿಂಗಲ್ಲ..."

"ನೋಡಿದೆ ದೊಡ್ಡಮ್ಮ. ಎರಡು ಸಲ ನೋಡಿದೆ. ಬರೋ ವಾರ ಮಗೂನ ಸ್ಟುಡಿಯೊಗೆ ಕರ್ಕೊಂಡು ಬರ್ತೀವಿ ಅಂತ ಅತ್ತೆ ಮನೆಯವರು ಒಪ್ಪಿದ್ರು. ಈಗ ಏನಂತಾರೆ ಗೊತ್ತಾ? ನಿನ್ನ ಸಾಕಿದವಳೇ ತಲೆ ಆಡಿಸಿದ್ಲು, ನಾವ್ಯಾಕೆ ಬರ್ಬೇಕು ಅಂತಾರೆ."

"ನಾನು ಅಲ್ಲಿ ಇರ್ಲೇ ಇಲ್ಲ ಕಣೇ!"

"ನಿಮ್ಮ ಮುಖ ಇತ್ತಲ್ಲ" ಎಂದು ಹುಡುಗಿ ಫೋನ್ ಇಟ್ಟಳು.

ಮರುದಿನ ವ್ಯಾನಿಗೆ ಎಲ್ಲರಿಗಿಂತ ಮೊದಲು ಬಂದು ನಿಂತವಳು ನಾಜಿಯೆ. ಸ್ಟುಡಿಯೊದ ಹೊರಗೆ ತುಂಜಾಯ್‌ನನ್ನು ಗೋಡೆಗೆ ಒತ್ತಿ ನಿಲ್ಲಿಸಿ ವಿಷಯ ಹೇಳಿದಳು. ಅವನ ಕಣ್ಣು ಬೆಳಗಿತು.

"ಅಯ್ಯೋ ಅಕ್ಕ, ಮೊದ್ಲೇ ಹೇಳ್ಬಾರ್ದಿತ್ತಾ? ದೊಡ್ಡಮ್ಮ, ಸಾಕಿದ ಮಗಳು! ನಾಳೇನೇ ಇಬ್ಬರನ್ನೂ ಸೋಫಾ ಮೇಲೆ ಕೂರಿಸೋಣ. ನೀವು ಮೊದಲು ಚೆನ್ನಾಗಿ ಬೈರಿ, ಆಮೇಲೆ ಅಪ್ಪಿಕೊಂಡು ಅಳಿ."

"ಬೈಯೋದ್ಯಾಕೆ?"

"ಬೈದಿದ್ರೆ ತಾನೇ ಅಪ್ಪಿಕೊಳ್ಳೋಕಾಗೋದು!"

"ಅದೆಲ್ಲ ಬೇಡ. ಆ ಮುಖ ಅವಳಿಗಲ್ಲ, ಬೇರೆ ದಿನ ಖಾಲಿ ತೆಗೆದದ್ದು ಅಂತ ಯೆಲ್ದಾ ಹನಿಮ್ ಒಂದೇ ಒಂದು ಮಾತು ಹೇಳ್ಲಿ."

ತುಂಜಾಯ್ ಆಚೀಚೆ ನೋಡಿ ದನಿ ತಗ್ಗಿಸಿದ. "ಅದೊಂದು ಬಿಟ್ಟು ಏನು ಬೇಕಾದ್ರೂ ಕೇಳಿ ಅಕ್ಕ. ಹೋಗಿ, ಕೂತ್ಕೊಳ್ಳಿ. ಇವತ್ತು ಖಾಲಿ ತೆಗೀಬೇಕು."

ಅವಳು ಹೋಗಿ ಕೂತಳು. ನಗು ಎಂದ, ನಕ್ಕಳು. ಗಾಬರಿ ಎಂದ, ಹುಬ್ಬೆತ್ತಿದಳು. ಛೆ ಛೆ ಛೆ ಎಂದ. ನಾಜಿಯೆಯ ಕತ್ತು ತಿರುಗಲಿಲ್ಲ. "ನಾಜಿಯೆ ಅಕ್ಕ, ಕತ್ತು! ಕತ್ತು!" ಎಂದು ಅವನು ಕೂಗಿದ. ಅವಳು ಎದ್ದಳು. ಎರಡನೇ ಸಾಲಿನ ಮೊಣಕಾಲುಗಳನ್ನೆಲ್ಲ ದಾಟಿ, ನೆಲದ ವೈರುಗಳನ್ನು ಎಡವುತ್ತಾ ಹೊರಗೆ ನಡೆದಳು. "ಎಲ್ಲಿಗೇ? ಊಟ ಇನ್ನೂ ಕೊಟ್ಟಿಲ್ಲ!" ಎಂದು ಪೆರಿಹಾನ್ ಹಿಂದಿನಿಂದ ಕಿರುಚಿದಳು.

ಭಾನುವಾರ ನಾಜಿಯೆ ಸಮುದ್ರದ ಅಡಿಯಿಂದ ಹೋಗುವ ರೈಲು ಹಿಡಿದು ಗೆಬ್ಜೆಗೆ ಹೊರಟಳು. ಸೀಟು ಸಿಕ್ಕಿದರೂ ಕೂರಲಿಲ್ಲ, ಬಾಗಿಲಿಂದ ಬಾಗಿಲಿಗೆ ಓಡಾಡಿದಳು. ಏನು ಹೇಳಬೇಕೆಂದು ಬಾಯಿಪಾಠ ಮಾಡುತ್ತಿದ್ದಳು, ಪ್ರತಿ ನಿಲ್ದಾಣಕ್ಕೂ ಮಾತು ಬದಲಾಗುತ್ತಿತ್ತು. ಬೀಗರ ಮನೆಯ ಬೀದಿಗೆ ತಿರುಗಿದಾಗ ಕಂಡದ್ದು ಸೊಂಗುಲ್. ಎದುರು ಗೋಡೆಗೆ ಒರಗಿ ನಿಂತಿದ್ದಳು. ಭಾನುವಾರಗಳಲ್ಲಿ ಅಲ್ಲಿ ನಿಂತರೆ, ಅದೃಷ್ಟವಿದ್ದರೆ, ಕಿಟಕಿ ಪರದೆಯ ಸಂದಿಯಲ್ಲಿ ಮಗಳು ಕಾಣುತ್ತಿದ್ದಳು. ದೊಡ್ಡಮ್ಮನನ್ನು ನೋಡಿ ಹುಡುಗಿ ಮುಖ ತಿರುಗಿಸಿದಳು. ನಾಜಿಯೆ ಅವಳ ಹತ್ತಿರ ಹೋಗುವ ಧೈರ್ಯ ಸಾಲದೆ ನೇರ ಹೋಗಿ ಬಾಗಿಲು ಬಡಿದಳು.

ಬಾಗಿಲು ತೆಗೆದವಳು ಸೊಂಗುಲ್‌ಳ ಅತ್ತೆ ಮೆಲಾಹತ್. ಕೈಯಲ್ಲಿ ಹಿಟ್ಟು, ಮುಖದ ತುಂಬ ಸಂಭ್ರಮ.

"ಅಯ್ಯೋ, ಬನ್ನಿ ಬೀಗರೇ! ಮದುವೆ ಆದ್ಮೇಲೆ ಟಿವೀಲೇ ನೋಡಿದ್ದು. ಅದ್ರಲ್ಲಿ ದಪ್ಪ ಕಾಣ್ತೀರಿ, ಎದುರಿಗೆ ನೋಡಿದ್ರೆ ಇಷ್ಟೇ ಇಷ್ಟು! ನಿಮ್ಮಂಥವರು ಬೇಕು ಕಣ್ರೀ. ಸ್ವಂತ ತಂಗಿ ಮಗಳು ಅಂತ ನೋಡ್ದೆ ತಲೆ ಆಡಿಸಿದ್ರಲ್ಲ, ನಮ್ಮ ಬೀದಿಯವರೆಲ್ಲ ಬಂದು ನನ್ನ ಕೈ ಹಿಡ್ಕೊಂಡ್ರು."

"ಅದನ್ನ ಹೇಳೋಕೇ ಬಂದೆ. ಆ ಮುಖ ಅವಳಿಗೆ ಮಾಡಿದ್ದಲ್ಲ."

"ಮತ್ಯಾರಿಗೆ?"

"ಯಾರಿಗೂ ಅಲ್ಲ. ಸೋಫಾ ಖಾಲಿ ಇತ್ತು. ತಲೆ ಆಡ್ಸಿ ಅಂದ್ರು, ಆಡ್ಸಿದೆ. ನಾನು ಒಲೆ ಆರಿಸಿದ್ನೋ ಇಲ್ವೋ ಅಂತ ಯೋಚ್ನೆ ಮಾಡ್ತಿದ್ದೆ. ಅವಳು ಬಂದ ದಿನ ನಾನು ಅಲ್ಲಿರ್ಲೇ ಇಲ್ಲ. ಅಂಟಿಸಿಬಿಟ್ಟಿದಾರೆ."

ಮೆಲಾಹತ್‌ಳ ಸಂಭ್ರಮ ಇಳಿಯಿತು. ಕೈಯ ಹಿಟ್ಟನ್ನು ಸೊಂಟಕ್ಕೆ ಕಟ್ಟಿದ್ದ ಬಟ್ಟೆಗೆ ಮೆಲ್ಲಗೆ ಒರೆಸಿಕೊಂಡಳು. ಅವಳ ಮುಂದಿನ ಪ್ರಶ್ನೆ ಸೊಸೆಯ ವಿಷಯವಲ್ಲ.

"ಹಂಗಾದ್ರೆ ಆ ಮುದುಕ, ಕಳೆದುಹೋಗಿದ್ದ ತಮ್ಮ ಮೂವತ್ತು ವರ್ಷದ ಮೇಲೆ ಸಿಕ್ಕಿದ ಅಂತ ಬಂದಿದ್ನಲ್ಲ? ಅವತ್ತು ನೀವು ಅತ್ರಿ. ನಾನು ನಿಮ್ಮನ್ನ ನೋಡಿ ಅತ್ತು ಅತ್ತು ಪಿಲಾವ್ ತಳ ಹಿಡಿಸಿದೆ. ಅದು?"

ಆ ದಿನ ನಾಜಿಯೆ ನಿಜವಾಗಿ ಅತ್ತಿದ್ದಳು. ಆರು ವರ್ಷದಲ್ಲಿ ಯಾರೂ ಹೇಳದೆ ತಾನಾಗಿ ಬಂದ ಅಳು ಅದೊಂದೇ. ಆದರೆ ಒಂದು ಮುಖ ನಿಜ, ಇನ್ನೊಂದು ಖಾಲಿ ಎಂದರೆ ಈ ಹೆಂಗಸು ತನಗೆ ಬೇಕಾದ್ದನ್ನು ಆರಿಸಿಕೊಳ್ಳುತ್ತಾಳೆ, ಸೊಂಗುಲ್‌ಳ ಪಾಲಿಗೆ ಬಂದ ಮುಖ ನಿಜದ್ದಾಗಿಯೇ ಉಳಿಯುತ್ತದೆ.

"ಅದೂ ಖಾಲಿ" ಎಂದಳು.

"ಸುಳ್ಳು!"

"ಸುಳ್ಳಾ? ನೋಡಿ ಬೇಕಾದ್ರೆ." ಹೊಸ್ತಿಲ ಮೇಲೆ, ಚಪ್ಪಲಿಗಳ ನಡುವೆ ನಿಂತು ನಾಜಿಯೆ ನಕ್ಕಳು. ನಗು ಒರೆಸಿ ಗಾಬರಿಯಾದಳು. ಗಾಬರಿ ಬಿಟ್ಟು ಗಲ್ಲ ನಡುಗಿಸಿದಳು. ಕೊನೆಗೆ ತುಟಿ ಒತ್ತಿ ತಲೆ ಆಡಿಸಿದಳು, ಪರದೆಯ ಮೇಲೆ ಕಂಡ ಹಾಗೆಯೇ, ಕೂದಲೆಳೆ ವ್ಯತ್ಯಾಸವಿಲ್ಲದೆ. ಅತ್ತಿತ್ತಲಿನ ಬಾಲ್ಕನಿಗಳಲ್ಲಿ ಹೆಂಗಸರು ಬಾಗಿ ನಿಂತಿದ್ದರು. ಮೆಲಾಹತ್‌ಳ ಲಂಗದ ಹಿಂದಿನಿಂದ ನೆಹಿರ್ ಇಣುಕಿ ಕಿಲಕಿಲ ನಕ್ಕು, "ಇನ್ನೊಂದ್ಸಲ ಮಾಡಜ್ಜಿ!" ಎಂದಳು.

ಮಗುವಿನ ಆ ದನಿ ಕೇಳಿ ನಾಜಿಯೆ ಮಾಡಲು ಹೋದಳು, ಆಗಲಿಲ್ಲ. ಬಾಯಿ ಸೊಟ್ಟಗಾಯಿತು, ಮೂಗು ಸೋರಿತು, ಗಂಟಲಿಂದ ಕೆಟ್ಟ ಶಬ್ದ ಬಂತು.

"ಇದ್ಯಾರು ಹೇಳಿಕೊಟ್ಟಿದ್ದು?" ಎಂದಳು ಮೆಲಾಹತ್, ಅವಮಾನದಿಂದ ಕೆಂಪಾಗಿ. "ನಾಲ್ಕು ಬೀದಿ ಮುಂದೆ ನಿಮ್ಮನ್ನ ನಮ್ಮ ಬೀಗರು ಅಂತ ಹೊಗಳ್ಕೊಂಡು ಓಡಾಡಿದೀನಿ. ಇನ್ನು ನಿಮ್ಮ ಯಾವ ಅಳು ನಂಬ್ಲಿ? ಹೇಳಿ, ಇದೂ ಖಾಲೀನಾ?"

ಇಲ್ಲ ಎಂದರೆ ಯಾರು ನಂಬುತ್ತಾರೆ? ನಾಜಿಯೆ ತಲೆವಸ್ತ್ರದ ತುದಿಯಿಂದ ಮೂಗು ಒರೆಸಿಕೊಂಡಳು, ಅದು ಮತ್ತೆ ಸೋರಿತು.

ಸೊಂಗುಲ್ ಬೀದಿ ದಾಟಿ ಬಂದದ್ದು ಯಾರಿಗೂ ಗೊತ್ತಾಗಲಿಲ್ಲ. ದೊಡ್ಡಮ್ಮನ ಗಲ್ಲ ಹಿಡಿದು ತನ್ನ ಕಡೆ ತಿರುಗಿಸಿ, ತುಂಬ ಹೊತ್ತು ನೋಡಿದಳು. "ಇದು ನಿಜದ್ದು ಅತ್ತೆ" ಎಂದಳು. "ನಮ್ಮಮ್ಮ ಸತ್ತ ದಿನ ಹೀಗೇ ಅತ್ತಿದ್ರು. ಇಷ್ಟೊಂದು ಅಸಹ್ಯವಾದದ್ದನ್ನ ಟಿವಿಯವರು ತೋರ್ಸಲ್ಲ."

ಬಾಲ್ಕನಿಯಿಂದ ಯಾರೋ "ಒಳಗೆ ಕರಿಯೇ ಮೆಲಾಹತ್, ಪಾಪ!" ಎಂದು ಕೂಗಿದರು. ಮೆಲಾಹತ್ ಮೇಲೆ ನೋಡಿ, ಕೆಳಗೆ ನೋಡಿ, ಕೊನೆಗೆ ಬಾಗಿಲಿಂದ ಪಕ್ಕಕ್ಕೆ ಸರಿದಳು. "ಬನ್ನಿ ಇಬ್ಬರೂ. ಮಗ ಪಾಳಿಗೆ ಹೋಗಿದಾನೆ. ಬೀದಿಯವರಿಗೆ ಸಾಕಷ್ಟಾಯ್ತು" ಎಂದಳು. ಆ ಮಧ್ಯಾಹ್ನ ನೆಹಿರ್ ತಾಯಿಯ ತೊಡೆಯಿಂದ ಇಳಿಯಲೇ ಇಲ್ಲ. ಮಗುವನ್ನು ಕೊಡುತ್ತೇನೆಂದು ಮೆಲಾಹತ್ ಮಾತು ಕೊಡಲಿಲ್ಲ. ಬರುವ ಭಾನುವಾರ ಗೋಡೆಗೆ ಒರಗಿ ನಿಲ್ಲಬೇಡ, ಒಳಗೆ ಬಾ ಎಂದಷ್ಟೇ ಹೇಳಿ, ಸೊಸೆಯ ಮುಂದೆ ಆಗಷ್ಟೇ ಬೇಯಿಸಿದ ಬೋರೆಕ್ ಕಡುಬಿನ ತಟ್ಟೆಯನ್ನು ಕೊಂಚ ಜೋರಾಗಿಯೇ ಇಟ್ಟಳು.

ಸಂಜೆ ಸೊಂಗುಲ್ ನಿಲ್ದಾಣದವರೆಗೆ ಜೊತೆಗೆ ಬಂದಳು. ಪ್ಲಾಟ್‌ಫಾರ್ಮಿನ ಬೆಂಚಿನ ಮೇಲೆ ಇಬ್ಬರ ನಡುವೆ ಒಬ್ಬರು ಕೂರುವಷ್ಟು ಜಾಗ ಬಿಟ್ಟು ಕೂತರು.

"ಆ ದಿನ ಎಲ್ಲಿದ್ರಿ?"

"ಬೇರೆ ಚಾನೆಲ್ಲಲ್ಲಿ. ಗಾಯಕ ಬರ್ತಾನೆ ಅಂದ್ರು, ಹೋದೆ."

"ಆ ದೀಪಗಳ ಎದುರು ಕೂತ್ರೆ ಆಚೆ ಏನೂ ಕಾಣ್ಸಲ್ಲ ದೊಡ್ಡಮ್ಮ, ಬರೀ ಕತ್ತಲು. ನಾನು ಯೆಲ್ದಾಗೆ ಹೇಳ್ಲಿಲ್ಲ, ಊರಿಗೂ ಹೇಳ್ಲಿಲ್ಲ. ನೀವಿದೀರಿ ಅಂತ ಆ ಕತ್ತಲಿಗೆ ಹೇಳ್ದೆ. ನೀವಿದೀರಿ ಅಂತಾನೇ ಆ ಕಾರ್ಯಕ್ರಮಕ್ಕೆ ಹೋದದ್ದು. ಫೋನಲ್ಲಿ ಸಿಗ್ಲಿಲ್ವಲ್ಲ ನೀವು."

ನಾಜಿಯೆ ನಡುವಿನ ಜಾಗಕ್ಕೆ ಸರಿದು ಕೂತಳು.

"ಈಗ ಹೇಳು."

ಸೊಂಗುಲ್ ಹೇಳತೊಡಗಿದಳು. ಮೊದಲು ಅಡ್ಡಾದಿಡ್ಡಿಯಾಗಿ, ಆಮೇಲೆ ಒಂದೊಂದಾಗಿ. ದೂರದಲ್ಲಿ ರೈಲಿನ ದೀಪ ಕಂಡಿತು, ಬಂತು, ಬಾಗಿಲು ತೆರೆಯಿತು, ಜನ ಇಳಿದರು, ಹತ್ತಿದರು.

"ರೈಲು ಬಂತು ದೊಡ್ಡಮ್ಮ. ಏಳಿ."

"ಹೋಗ್ಲಿ ಬಿಡು. ಮಗು ಮಲಗಿತ್ತು ಅಂದ್ಯಲ್ಲ, ಆಮೇಲೆ?"